ತರ್ಕದ ಆಕಾರವೂ ತಿರುಳೂ

ವ್ಯಾಕರಣದ ಹೆಸರನ್ನು ಕೇಳುವುದಕ್ಕೆ ಎಷ್ಟೋ ಮುಂಚೆಯೇ ಮಗುವು ಮಾತನಾಡಲು ಕಲಿತಿರುತ್ತದೆ. ಅಂತೆಯೇ, ತರ್ಕಶಾಸ್ತ್ರದ ಒಂದು ಪುಟವನ್ನೂ ಓದದವರು ಕೂಡ ದಿನವೆಲ್ಲ ತರ್ಕ ಮಾಡುತ್ತಲೇ ಇರುತ್ತಾರೆ. ಬೆಳಗ್ಗೆ ಬಾಗಿಲು ತೆರೆದಾಗ ಅಂಗಳವು ಒದ್ದೆಯಾಗಿದ್ದರೆ, ರಾತ್ರಿ ಮಳೆ ಬಂದಿರಬೇಕೆಂದುಕೊಳ್ಳುತ್ತೇವೆ. ದೂರದ ಗುಡ್ಡದ ಮೇಲೆ ಹೊಗೆಯೇಳುತ್ತಿದ್ದರೆ, ಅಲ್ಲಿ ಬೆಂಕಿಯಿದೆಯೆನ್ನುತ್ತೇವೆ. ಎರಡು ಸಂದರ್ಭಗಳಲ್ಲಿಯೂ ನಾವು ಕಂಡದ್ದು ಒಂದು, ತಿಳಿದುಕೊಂಡದ್ದು ಮತ್ತೊಂದು. ಕಂಡದ್ದರಿಂದ ಕಾಣದ್ದಕ್ಕೆ ಇಡುವ ಈ ಹೆಜ್ಜೆಗೆ ಶಾಸ್ತ್ರದಲ್ಲಿ ‘ಅನುಮಾನ’ವೆಂದು ಹೆಸರು. ಬಳಕೆಯ ಕನ್ನಡದಲ್ಲಿ ಈ ಮಾತಿಗೆ ಸಂದೇಹವೆಂಬ ಅರ್ಥ ಬಂದುಬಿಟ್ಟಿದೆ. ಶಾಸ್ತ್ರದಲ್ಲಿಯಾದರೋ ಅದು ಸಂದೇಹವನ್ನು ಕಳೆಯುವ ಉಪಾಯ.

ಈ ಹೆಜ್ಜೆಯು ಯಾವಾಗ ಭದ್ರವಾಗಿರುತ್ತದೆ, ಯಾವಾಗ ಜಾರುತ್ತದೆ ಎಂಬುದನ್ನು ವಿಚಾರಿಸುವುದೇ ತರ್ಕಶಾಸ್ತ್ರದ ಕೆಲಸ. ಯಾರಾದರೂ ಒಂದು ವಾದವನ್ನು ಮುಂದಿಟ್ಟಾಗ ನಾವು ಎರಡು ಪ್ರಶ್ನೆಗಳನ್ನು ಕೇಳಬಹುದು. ವಾದದ ಆಧಾರವಾಕ್ಯಗಳು ನಿಜವೆ? ಇದು ಒಂದು ಪ್ರಶ್ನೆ. ಅವು ನಿಜವೆಂದೇ ಇಟ್ಟುಕೊಂಡರೂ, ಅವುಗಳಿಂದ ಆ ನಿಗಮನವು ಹೊರಡುತ್ತದೆಯೆ? ಇದು ಇನ್ನೊಂದು. ಈ ಎರಡನೆಯ ಪ್ರಶ್ನೆಯನ್ನು ಮಾತ್ರ ಪ್ರತ್ಯೇಕಿಸಿ, ವಾದದ ಆಕಾರವನ್ನಷ್ಟೇ ನೋಡಿ ಉತ್ತರ ಹೇಳುವುದು ಆಕಾರನಿಷ್ಠ ತರ್ಕ. ಮಾತಿನ ಅರ್ಥ, ಆಧಾರದ ಬಲ, ಹೇಳಿದ ಸಂದರ್ಭ ಇವುಗಳನ್ನೆಲ್ಲ ಸೇರಿಸಿಕೊಂಡು, ನಿತ್ಯಜೀವನದ ವಾದಗಳನ್ನು ತೂಗಿನೋಡುವುದು ವ್ಯವಹಾರ ತರ್ಕ. ಇವೆರಡರಲ್ಲಿ ಒಂದನ್ನು ಬಿಟ್ಟು ಇನ್ನೊಂದನ್ನೇ ನೆಚ್ಚಿದರೆ ಏನಾಗುತ್ತದೆಂಬುದನ್ನು ಈ ಲೇಖನದಲ್ಲಿ ವಿಚಾರ ಮಾಡೋಣ.

ಆಕಾರದ ಶಾಸ್ತ್ರ

ವಾದಕ್ಕೆ ಆಕಾರವೆಂಬುದೊಂದು ಇದೆಯೆಂದು ಪಾಶ್ಚಾತ್ಯರಲ್ಲಿ ಮೊದಲು ವ್ಯವಸ್ಥಿತವಾಗಿ ತೋರಿಸಿಕೊಟ್ಟವನು ಕ್ರಿಸ್ತಪೂರ್ವ 4ನೆಯ ಶತಮಾನದಲ್ಲಿದ್ದ ಗ್ರೀಕ್ ತತ್ತ್ವಜ್ಞಾನಿ ಅರಿಸ್ಟಾಟಲ್. ಅವನ ರೀತಿಯ ಒಂದು ವಾದವನ್ನು ನೋಡೋಣ: ಎಲ್ಲ ಲೋಹಗಳೂ ವಿದ್ಯುದ್ವಾಹಕಗಳು, ತಾಮ್ರವು ಲೋಹ, ಆದುದರಿಂದ ತಾಮ್ರವು ವಿದ್ಯುದ್ವಾಹಕ. ಇಲ್ಲಿ ‘ಲೋಹ’, ‘ತಾಮ್ರ’, ‘ವಿದ್ಯುದ್ವಾಹಕ’ ಎಂಬ ಪದಗಳನ್ನು ತೆಗೆದು, ಅವುಗಳ ಸ್ಥಾನದಲ್ಲಿ ಬರಿಯ ಅಕ್ಷರಗಳನ್ನಿಟ್ಟರೂ ವಾದವು ಕೆಡುವುದಿಲ್ಲ: ಎಲ್ಲ ‘ಕ’ಗಳೂ ‘ಚ’ಗಳು, ‘ಟ’ ಎಂಬುದು ‘ಕ’, ಆದುದರಿಂದ ‘ಟ’ ಎಂಬುದು ‘ಚ’. ಇದೇ ಆ ವಾದದ ಆಕಾರ. ಬೀಜಗಣಿತದಲ್ಲಿ ಸಂಖ್ಯೆಗಳ ಬದಲು ಅಕ್ಷರಗಳನ್ನು ಬಳಸುವುದರಿಂದ ಎಂಥ ಅನುಕೂಲವುಂಟೋ ಇಲ್ಲಿಯೂ ಅಂಥದೇ ಅನುಕೂಲವುಂಟು. ಒಂದು ಆಕಾರವನ್ನು ಒಮ್ಮೆ ಪರೀಕ್ಷಿಸಿಬಿಟ್ಟರೆ, ಆ ಆಕಾರದ ಸಾವಿರ ವಾದಗಳನ್ನು ಪರೀಕ್ಷಿಸಿದಂತಾಯಿತು.

ಇಲ್ಲಿ ಒಂದು ಎಚ್ಚರಿಕೆ ಬೇಕು. ಎಲ್ಲ ಪಕ್ಷಿಗಳಿಗೂ ನಾಲ್ಕು ಕಾಲು, ಕಾಗೆಯು ಪಕ್ಷಿ, ಆದುದರಿಂದ ಕಾಗೆಗೆ ನಾಲ್ಕು ಕಾಲು. ಈ ವಾದದ ಆಕಾರದಲ್ಲಿ ಯಾವ ದೋಷವೂ ಇಲ್ಲ. ಅದು ತಾಮ್ರದ ವಾದದ ಆಕಾರವೇ ಆಗಿದೆ. ದೋಷವಿರುವುದು ಮೊದಲನೆಯ ಆಧಾರವಾಕ್ಯದಲ್ಲಿ. ಇಂಥ ವಾದವನ್ನು ‘ಕ್ರಮಬದ್ಧ’ವೆನ್ನಬೇಕೇ ಹೊರತು ‘ಸತ್ಯ’ವೆನ್ನಕೂಡದು. ಇದಕ್ಕೆ ವಿರುದ್ಧವಾದ ಉದಾಹರಣೆಯೂ ಉಂಟು. ಎಲ್ಲ ಹಸುಗಳೂ ಹುಲ್ಲು ತಿನ್ನುತ್ತವೆ; ಎಲ್ಲ ಕುದುರೆಗಳೂ ಹುಲ್ಲು ತಿನ್ನುತ್ತವೆ; ಆದುದರಿಂದ ಎಲ್ಲ ಕುದುರೆಗಳೂ ಹಸುಗಳು. ಎರಡು ಆಧಾರವಾಕ್ಯಗಳೂ ನಿಜ. ಆಕಾರವು ಮಾತ್ರ ಕೆಟ್ಟದ್ದು. ಈ ವಾದವನ್ನು ಕೇಳಿ ನಾವು ನಗುತ್ತೇವೆ. ಆದರೆ, ‘ಕಳ್ಳರು ರಾತ್ರಿಯಲ್ಲಿ ಓಡಾಡುತ್ತಾರೆ, ಇವನೂ ರಾತ್ರಿಯಲ್ಲಿ ಓಡಾಡುತ್ತಾನೆ, ಆದುದರಿಂದ ಇವನು ಕಳ್ಳ’ ಎಂಬ ಮಾತನ್ನು ಕೇಳಿದಾಗ ಎಲ್ಲರೂ ನಗುವುದಿಲ್ಲ, ಕೆಲವರು ದೊಣ್ಣೆಯನ್ನು ಕೈಗೆತ್ತಿಕೊಳ್ಳುತ್ತಾರೆ. ಕುದುರೆಯನ್ನು ಹಸುವಾಗಿಸಿದ ಆಕಾರವೇ ಇಲ್ಲಿಯೂ ಇದೆಯೆಂದು ಗುರುತಿಸಬಲ್ಲವನು ಒಬ್ಬ ನಿರಪರಾಧಿಯನ್ನು ಕಾಪಾಡಬಲ್ಲನು. ಆಕಾರವನ್ನು ಕಲಿಯುವುದರ ಪ್ರಯೋಜನವು ಇದೇ.

‘ಬಂದರೆ’ ಎಂಬ ಮಾತಿನ ಬಲ

ವಾದಗಳಲ್ಲಿ ಅತ್ಯಂತ ಹೆಚ್ಚಾಗಿ ಬರುವುದೂ ಅತ್ಯಂತ ಹೆಚ್ಚಾಗಿ ಮೋಸಗೊಳಿಸುವುದೂ ಷರತ್ತಿನ ವಾಕ್ಯ. ಕನ್ನಡದಲ್ಲಿ ಷರತ್ತಿನ ಭಾರವನ್ನೆಲ್ಲ ಹೊರುವುದು ಕ್ರಿಯಾಪದದ ಕೊನೆಯಲ್ಲಿ ಬರುವ ‘ರೆ’ ಎಂಬ ಒಂದೇ ಅಕ್ಷರ. ‘ಮಳೆ ಬಂದರೆ ಅಂಗಳವು ಒದ್ದೆಯಾಗುತ್ತದೆ’ ಎಂಬುದನ್ನು ನಿಜವೆಂದು ಒಪ್ಪಿಕೊಳ್ಳೋಣ. ಇದರಿಂದ ನಾಲ್ಕು ದಿಕ್ಕಿಗೆ ಹೆಜ್ಜೆಯಿಡಬಹುದು.

ಮಳೆ ಬಂದಿತು, ಆದುದರಿಂದ ಅಂಗಳವು ಒದ್ದೆಯಾಗಿದೆ. ಇದು ಸರಿ. ಅಂಗಳವು ಒದ್ದೆಯಾಗಿಲ್ಲ, ಆದುದರಿಂದ ಮಳೆ ಬರಲಿಲ್ಲ. ಇದೂ ಸರಿ. ಅಂಗಳವು ಒದ್ದೆಯಾಗಿದೆ; ಆದುದರಿಂದ ಮಳೆ ಬಂದಿತು. ಇದು ತಪ್ಪು, ಯಾರಾದರೂ ನೀರು ಚಿಮುಕಿಸಿ ಸಾರಣೆ ಮಾಡಿರಬಹುದು. ಮಳೆ ಬರಲಿಲ್ಲ, ಆದುದರಿಂದ ಅಂಗಳವು ಒದ್ದೆಯಾಗಿಲ್ಲ. ಇದೂ ಅದೇ ಕಾರಣದಿಂದ ತಪ್ಪು. ಮೊದಲೆರಡು ಹೆಜ್ಜೆಗಳು ಎಂದಿಗೂ ಜಾರುವುದಿಲ್ಲ. ಕೊನೆಯ ಎರಡು ಕೆಲವು ವೇಳೆ ಸರಿಯಾದ ಸ್ಥಳಕ್ಕೇ ತಂದು ನಿಲ್ಲಿಸಿದರೂ, ಅದು ತರ್ಕದ ಬಲದಿಂದಲ್ಲ.

ಇದು ತೀರ ಸುಲಭವೆಂದು ತೋರಿದರೆ, ವಾಚಕರು ಈ ಪರೀಕ್ಷೆಗೆ ಕುಳಿತು ನೋಡಬಹುದು. ಮೇಜಿನ ಮೇಲೆ ನಾಲ್ಕು ಚೀಟಿಗಳಿವೆ. ಪ್ರತಿಯೊಂದರ ಒಂದು ಮುಖದಲ್ಲಿ ಅಕ್ಷರವೂ ಇನ್ನೊಂದು ಮುಖದಲ್ಲಿ ಸಂಖ್ಯೆಯೂ ಇವೆ. ನಮಗೆ ಕಾಣುತ್ತಿರುವ ಮುಖಗಳು ‘ಅ’, ‘ಕ’, 4, 7. ‘ಒಂದು ಮುಖದಲ್ಲಿ ಸ್ವರವಿದ್ದರೆ ಇನ್ನೊಂದು ಮುಖದಲ್ಲಿ ಸಮಸಂಖ್ಯೆಯಿರುತ್ತದೆ’ ಎಂಬ ನಿಯಮವು ನಿಜವೋ ಸುಳ್ಳೋ ಎಂದು ತಿಳಿಯಲು ಯಾವ ಯಾವ ಚೀಟಿಗಳನ್ನು ತಿರುಗಿಸಿ ನೋಡಬೇಕು? ಇಂಥದೇ ಪರೀಕ್ಷೆಯನ್ನು ಪೀಟರ್ ವೇಸನ್ ಎಂಬ ಆಂಗ್ಲ ಮನಶ್ಶಾಸ್ತ್ರಜ್ಞನು 1966ರಲ್ಲಿ ಪ್ರಕಟಿಸಿದನು. ವಿದ್ಯಾವಂತರಲ್ಲಿಯೂ ಬಹುಪಾಲು ಮಂದಿ ‘ಅ’ ಮತ್ತು 4 ಎಂದೋ, ‘ಅ’ ಮಾತ್ರವೆಂದೋ ಉತ್ತರ ಕೊಡುವುದುಂಟು. ಸರಿಯಾದ ಉತ್ತರವು ‘ಅ’ ಮತ್ತು 7. ನಾಲ್ಕರ ಹಿಂದೆ ಏನಿದ್ದರೂ ನಿಯಮಕ್ಕೆ ಭಂಗವಿಲ್ಲ. ಏಳರ ಹಿಂದೆ ಸ್ವರವಿದ್ದರೆ ಮಾತ್ರ ನಿಯಮವು ಸುಳ್ಳಾಗುತ್ತದೆ. ನಮ್ಮ ನಂಬಿಕೆಗೆ ಅನುಕೂಲವಾದ ಸಾಕ್ಷಿಯನ್ನು ಹುಡುಕುವುದು ಮನಸ್ಸಿನ ಸಹಜ ಒಲವು; ನಂಬಿಕೆಯನ್ನು ಮುರಿಯಬಲ್ಲ ಸಾಕ್ಷಿಯನ್ನು ಹುಡುಕುವುದಕ್ಕೆ ಅಭ್ಯಾಸ ಬೇಕು.

ವಿಯೆನ್ನಾ ನಗರದ ಆಸ್ಪತ್ರೆ

ಈ ಅಭ್ಯಾಸದ ಮೇಲೆ ಪ್ರಾಣಗಳೇ ನಿಂತಿದ್ದ ಒಂದು ಸಂದರ್ಭವನ್ನು ಈಗ ನೋಡೋಣ. 19ನೆಯ ಶತಮಾನದ ನಡುವಿನಲ್ಲಿ ವಿಯೆನ್ನಾದ ಸಾರ್ವಜನಿಕ ಆಸ್ಪತ್ರೆಯಲ್ಲಿ ಎರಡು ಹೆರಿಗೆ ವಿಭಾಗಗಳಿದ್ದವು. ಮೊದಲನೆಯದರಲ್ಲಿ ವೈದ್ಯವಿದ್ಯಾರ್ಥಿಗಳೂ ಎರಡನೆಯದರಲ್ಲಿ ಸೂಲಗಿತ್ತಿಯರೂ ತರಬೇತಿ ಪಡೆಯುತ್ತಿದ್ದರು. 1846ರಲ್ಲಿ ಮೊದಲನೆಯ ವಿಭಾಗಕ್ಕೆ ಬಂದ 4,010 ತಾಯಂದಿರಲ್ಲಿ 459 ಮಂದಿ, ಅಂದರೆ ನೂರಕ್ಕೆ 11ಕ್ಕಿಂತ ಹೆಚ್ಚು, ಬಾಣಂತಿ ಜ್ವರದಿಂದ ಸತ್ತರು. ಪಕ್ಕದ ಎರಡನೆಯ ವಿಭಾಗದಲ್ಲಿ ಸತ್ತವರು ನೂರಕ್ಕೆ 3ಕ್ಕಿಂತ ಕಡಮೆ. ಮೊದಲನೆಯ ವಿಭಾಗದಲ್ಲಿ ಸಹಾಯಕ ವೈದ್ಯನಾಗಿದ್ದ ಹಂಗೆರಿಯ ಇಗ್ನಾಜ್ ಸೆಮ್ಮೆಲ್‌ವೈಸನು ಈ ವ್ಯತ್ಯಾಸಕ್ಕೆ ಕಾರಣವನ್ನು ಹುಡುಕತೊಡಗಿದನು.

ಊಹೆಗಳಿಗೆ ಕೊರತೆಯಿರಲಿಲ್ಲ. ಊರಿನ ಹವೆಯೇ ಕೆಟ್ಟಿದೆಯೆಂದು ಕೆಲವರೆಂದರು. ಹವೆಯೇ ಕಾರಣವಾದರೆ ಎರಡು ವಿಭಾಗಗಳಲ್ಲಿಯೂ ಸಾವು ಒಂದೇ ಸಮನಾಗಿರಬೇಕು, ಹಾಗಿಲ್ಲ, ಆದುದರಿಂದ ಹವೆಯು ಈ ವ್ಯತ್ಯಾಸಕ್ಕೆ ಕಾರಣವಲ್ಲ. ಜನಸಂದಣಿಯೆಂದು ಕೆಲವರೆಂದರು. ಸಂದಣಿಯೇ ಕಾರಣವಾದರೆ ಹೆಚ್ಚು ಕಿಕ್ಕಿರಿದ ವಿಭಾಗದಲ್ಲಿ ಸಾವು ಹೆಚ್ಚಿರಬೇಕು. ಆದರೆ ಹೆಚ್ಚು ಕಿಕ್ಕಿರಿದಿದ್ದುದು ಎರಡನೆಯ ವಿಭಾಗವೇ. ಸಾಯುವವರಿಗೆ ಕೊನೆಯ ಸಂಸ್ಕಾರ ಮಾಡಲು ಪಾದ್ರಿಯು ಗಂಟೆಯ ಸದ್ದಿನೊಡನೆ ಮೊದಲನೆಯ ವಿಭಾಗವನ್ನು ಹಾದುಹೋಗುತ್ತಿದ್ದನು. ಆ ಭಯವೇ ಬಾಣಂತಿಯರನ್ನು ಕೊಲ್ಲುತ್ತಿದೆಯೆಂಬ ಊಹೆಯೂ ಇತ್ತು. ಪಾದ್ರಿಯು ಗಂಟೆಯಿಲ್ಲದೆ ಬಳಸುದಾರಿಯಲ್ಲಿ ಹೋಗುವಂತೆ ಏರ್ಪಡಿಸಲಾಯಿತು, ಸಾವು ಕಡಮೆಯಾಗಲಿಲ್ಲ. ವಾಚಕರು ಗಮನಿಸಿರಬಹುದು: ಇವೆಲ್ಲವೂ ‘ಅಂಗಳವು ಒದ್ದೆಯಾಗಿಲ್ಲ, ಆದುದರಿಂದ ಮಳೆ ಬರಲಿಲ್ಲ’ ಎಂಬ ಆಕಾರದವು. ಒಂದೊಂದು ಊಹೆಯನ್ನೂ ಸೆಮ್ಮೆಲ್‌ವೈಸನು ಏಳರ ಚೀಟಿಯನ್ನು ತಿರುಗಿಸುವಂತೆ ತಿರುಗಿಸಿ ನೋಡಿದನು.

1847ರ ಮಾರ್ಚ್ ತಿಂಗಳಲ್ಲಿ ಅವನ ಸಹೋದ್ಯೋಗಿಯಾದ ಕೊಲೆಚ್ಕನು ಶವಪರೀಕ್ಷೆಯ ಕಾಲದಲ್ಲಿ ವಿದ್ಯಾರ್ಥಿಯೊಬ್ಬನ ಚಾಕು ತಗುಲಿ, ಬಾಣಂತಿ ಜ್ವರವನ್ನೇ ಹೋಲುವ ಲಕ್ಷಣಗಳಿಂದ ತೀರಿಕೊಂಡನು. ವೈದ್ಯರೂ ವಿದ್ಯಾರ್ಥಿಗಳೂ ಶವಗಳನ್ನು ಕೊಯ್ದು ನೇರವಾಗಿ ಹೆರಿಗೆಯ ವಾರ್ಡಿಗೆ ಬರುತ್ತಿದ್ದರು. ಸೂಲಗಿತ್ತಿಯರಿಗೆ ಶವಪರೀಕ್ಷೆಯ ಪಾಠವಿರಲಿಲ್ಲ. ಶವದ ಕಣಗಳು ಕೈಗಳ ಮೂಲಕ ಬಾಣಂತಿಯರ ರಕ್ತವನ್ನು ಸೇರುತ್ತವೆಂಬ ಊಹೆ ಹುಟ್ಟಿತು. ಅದು ನಿಜವಾದರೆ, ಕಣಗಳನ್ನು ನಾಶಮಾಡಿದಾಗ ಸಾವು ಇಳಿಯಬೇಕು. ಮೇ ತಿಂಗಳಿನಿಂದ ಎಲ್ಲರೂ ಕ್ಲೋರಿನ್ ದ್ರಾವಣದಲ್ಲಿ ಕೈ ತೊಳೆದೇ ಒಳಗೆ ಬರಬೇಕೆಂದು ಅವನು ವಿಧಿಸಿದನು. 1848ರಲ್ಲಿ ಮೊದಲನೆಯ ವಿಭಾಗದ ಸಾವು ನೂರಕ್ಕೆ 1.27ಕ್ಕೆ ಇಳಿಯಿತು, ಎರಡನೆಯ ವಿಭಾಗದಲ್ಲಿ ಅದು 1.33 ಆಗಿತ್ತು.

ಈಗ ಒಂದು ಕ್ಷಣ ನಿಂತು ಆಕಾರವನ್ನು ನೋಡೋಣ. ‘ಶವದ ಕಣಗಳೇ ಕಾರಣವಾದರೆ ಕೈ ತೊಳೆದಾಗ ಸಾವು ಇಳಿಯಬೇಕು, ಸಾವು ಇಳಿಯಿತು, ಆದುದರಿಂದ ಶವದ ಕಣಗಳೇ ಕಾರಣ.’ ಇದು ಒದ್ದೆಯ ಅಂಗಳವನ್ನು ಕಂಡು ಮಳೆಯೆಂದು ಸಾರಿದ ಆಕಾರವೇ ಅಲ್ಲವೆ? ಕಠಿಣವಾದ ಆಕಾರನಿಷ್ಠ ದೃಷ್ಟಿಯಿಂದ ಇದು ಕ್ರಮಬದ್ಧವಲ್ಲ. ಇದು ಬರಿಯ ಪಂಡಿತರ ತಕರಾರೂ ಅಲ್ಲ. 1847ರಲ್ಲಿಯೇ, ಕೊಳೆತ ಹುಣ್ಣಿನ ಕ್ಯಾನ್ಸರ್ ಇದ್ದ ಒಬ್ಬ ಹೆಂಗಸನ್ನು ಪರೀಕ್ಷಿಸಿದ ವೈದ್ಯರು, ಕ್ಲೋರಿನ್ ದ್ರಾವಣವನ್ನು ಬಳಸದೆ ಬರಿಯ ಕೈ ತೊಳೆದುಕೊಂಡು, ಅದೇ ಕೊಠಡಿಯ ಇನ್ನು 12 ಮಂದಿಯನ್ನು ಪರೀಕ್ಷಿಸಿದರು. ಅವರಲ್ಲಿ 11 ಮಂದಿ ಸತ್ತರು. ಅಲ್ಲಿ ಶವವೇ ಇರಲಿಲ್ಲ. ಜೀವಂತ ದೇಹದಿಂದ ಬಂದ ಕೊಳೆತ ಪದಾರ್ಥವೂ ಜ್ವರವನ್ನು ತರಬಲ್ಲುದೆಂದು ಸೆಮ್ಮೆಲ್‌ವೈಸನು ತನ್ನ ಸಿದ್ಧಾಂತವನ್ನು ವಿಸ್ತರಿಸಬೇಕಾಯಿತು. ಕ್ರಮಬದ್ಧವಲ್ಲದ ಹೆಜ್ಜೆಯು ಎಲ್ಲಿ ಜಾರಬಹುದೋ ಅಲ್ಲಿಯೇ ಜಾರಿತ್ತು.

ಹಾಗಾದರೆ ಅವನು ಆ ಹೆಜ್ಜೆಯನ್ನು ಇಡಬಾರದಾಗಿತ್ತೆ? ಇಡಲೇಬೇಕಾಗಿತ್ತು. ಪ್ರಕೃತಿಯ ವಿಚಾರದಲ್ಲಿ ಕಾರ್ಯದಿಂದ ಕಾರಣಕ್ಕೆ ಹೋಗದೆ ವಿಜ್ಞಾನವೇ ನಡೆಯದು. ಅಂಥ ಹೆಜ್ಜೆಯ ಬಲವು ಆಕಾರದಿಂದ ಬರುವುದಿಲ್ಲ. ಇತರ ಊಹೆಗಳನ್ನು ಎಷ್ಟು ಪ್ರಾಮಾಣಿಕವಾಗಿ ಅಲ್ಲಗಳೆದಿದ್ದೇವೆ, ಹೋಲಿಕೆಗೆ ಎರಡನೆಯ ವಿಭಾಗದಂಥದೊಂದು ಇದೆಯೆ, ಹೊಸ ಸಾಕ್ಷಿ ಬಂದಾಗ ತಿದ್ದಿಕೊಳ್ಳಲು ಸಿದ್ಧರಿದ್ದೇವೆಯೆ ಎಂಬುದರಿಂದ ಬರುತ್ತದೆ. ಅಂದರೆ, ನಾವು ಆಕಾರದ ಎಲ್ಲೆಯನ್ನು ದಾಟಿ ತಿರುಳಿನ ಪ್ರದೇಶಕ್ಕೆ ಬಂದೆವು.

ತಿರುಳಿನ ವಿಚಾರ

ತಿರುಳನ್ನು ವಿಚಾರಿಸುವ ವ್ಯವಹಾರ ತರ್ಕದ ಹಳೆಯ ಭಾಗವೆಂದರೆ ತರ್ಕಾಭಾಸಗಳ ಅಧ್ಯಯನ. ನೋಡಲು ತರ್ಕದಂತಿದ್ದು ತರ್ಕವಲ್ಲದ್ದು ತರ್ಕಾಭಾಸ. ಕಾಗೆ ಬಂದು ಕೂತಿತು, ತಾಳೆಯ ಹಣ್ಣು ಬಿದ್ದಿತು. ಕಾಗೆಯೇ ಹಣ್ಣನ್ನು ಕೆಡವಿತೆಂದು ಭಾವಿಸುವುದನ್ನು ನಮ್ಮವರು ‘ಕಾಕತಾಳೀಯ’ವೆಂಬ ಒಂದೇ ಮಾತಿನಲ್ಲಿ ಹಿಡಿದಿಟ್ಟಿದ್ದಾರೆ. ತನ್ನ ಕೋಳಿ ಕೂಗುವುದರಿಂದಲೇ ಊರಿಗೆ ಬೆಳಗಾಗುತ್ತದೆಂದು ನಂಬಿದ ಅಜ್ಜಿಯ ಕಥೆಯೂ ಅದನ್ನೇ ಹೇಳುತ್ತದೆ. ತಾಯಿತ ಕಟ್ಟಿಸಿಕೊಂಡ ಮೇಲೆ ಪರೀಕ್ಷೆಯಲ್ಲಿ ತೇರ್ಗಡೆಯಾದ ವಿದ್ಯಾರ್ಥಿಯು, ತಾಯಿತ ಕಟ್ಟಿಕೊಂಡೂ ನಪಾಸಾದವರನ್ನು ಲೆಕ್ಕ ಹಾಕುವುದಿಲ್ಲ.

ಇನ್ನೊಂದು ಬಗೆಯಲ್ಲಿ, ವಾದವನ್ನು ಬಿಟ್ಟು ವಾದಿಯ ಮೇಲೆ ಬೀಳುತ್ತೇವೆ. ಸಿಗರೇಟು ಸೇದುವ ವೈದ್ಯನು ಸಿಗರೇಟು ಕೆಟ್ಟದ್ದೆಂದರೆ, ‘ನೀವೇ ಸೇದುವಿರಲ್ಲ!’ ಎನ್ನುತ್ತೇವೆ. ಅವನ ನಡತೆಯನ್ನು ಅದು ಟೀಕಿಸಬಹುದು. ಹೊಗೆಯಿಂದ ಶ್ವಾಸಕೋಶಕ್ಕಾಗುವ ಹಾನಿಯನ್ನು ಅದು ಅಳಿಸಲಾರದು. ‘ನೀನು ನಮ್ಮ ಕಡೆಯೋ, ಅವರ ಕಡೆಯೋ?’ ಎಂಬ ಪ್ರಶ್ನೆಯು ಇರುವ ಹಲವು ದಾರಿಗಳನ್ನು ಎರಡೇ ಎಂದು ತೋರಿಸುತ್ತದೆ. ದೊಡ್ಡವರ ಹೆಸರನ್ನು ಹೇಳಿ ಬಾಯಿ ಮುಚ್ಚಿಸುವುದು ಮತ್ತೊಂದು ಬಗೆ. ಆದರೆ ಇಲ್ಲಿ ವಿವೇಕವು ಬೇಕು. ಹೃದಯದ ಕಾಯಿಲೆಯ ವಿಚಾರದಲ್ಲಿ ಹೃದಯತಜ್ಞನ ಮಾತನ್ನು ನಂಬುವುದು ಆಭಾಸವಲ್ಲ. ಜನಪ್ರಿಯ ನಟನು ಹೇಳಿದನೆಂದು ಔಷಧವನ್ನು ಕೊಳ್ಳುವುದು ಆಭಾಸ. ಎರಡರ ಆಕಾರವೂ ಒಂದೇ: ‘ಇಂಥವರು ಹೇಳಿದರು, ಆದುದರಿಂದ ನಿಜ.’ ವ್ಯತ್ಯಾಸವಿರುವುದು ಹೇಳಿದವರ ಅರ್ಹತೆಯಲ್ಲಿ. ಇದನ್ನು ಅಕ್ಷರಗಳನ್ನಿಟ್ಟು ಲೆಕ್ಕ ಮಾಡಿ ತೀರ್ಮಾನಿಸಲಾಗುವುದಿಲ್ಲ.

ಸೆಮ್ಮೆಲ್‌ವೈಸನ ಕಥೆಯ ಉತ್ತರಾರ್ಧವೂ ಇಲ್ಲಿಗೆ ಸಲ್ಲುತ್ತದೆ. ಅವನ ನಿಗಮನವು ವೈದ್ಯರ ಕೈಗಳೇ ಸಾವನ್ನು ತಂದವೆಂದು ಹೇಳುತ್ತಿತ್ತು. ರೋಗಾಣುಗಳ ಜ್ಞಾನವಿನ್ನೂ ನೆಲೆಗೊಂಡಿರದ ಆ ಕಾಲದಲ್ಲಿ, ಆ ಕಣಗಳು ಹೇಗೆ ಕೆಲಸ ಮಾಡುತ್ತವೆಂದು ಕೇಳಿದವರ ಪ್ರಶ್ನೆಯು ನ್ಯಾಯವಾದದ್ದೇ. ಆದರೆ ಒಂದು ನಿಗಮನವು ನಮಗೆ ಕಳಂಕವನ್ನು ತರುತ್ತದೆಂಬುದು, ಆ ನಿಗಮನವು ಸುಳ್ಳೆಂಬುದಕ್ಕೆ ಎಂದಿಗೂ ಆಧಾರವಾಗದು. ಅವನು 1861ರಲ್ಲಿ ತನ್ನ ಗ್ರಂಥವನ್ನು ಪ್ರಕಟಿಸಿದನು. ವ್ಯಾಪಕವಾದ ಮನ್ನಣೆಯನ್ನು ಕಾಣದೆಯೇ 1865ರಲ್ಲಿ ತೀರಿಕೊಂಡನು.

ನಮ್ಮ ನೈಯಾಯಿಕರ ದಾರಿ

ಆಕಾರ, ತಿರುಳು ಎರಡನ್ನೂ ಬೇರ್ಪಡಿಸದೆ ಒಟ್ಟಿಗೇ ನಡೆಸಿಕೊಂಡು ಬಂದವರು ಭಾರತದ ನೈಯಾಯಿಕರು. ಗೌತಮನದೆಂದು ಹೇಳುವ ನ್ಯಾಯಸೂತ್ರಗಳಲ್ಲಿ ಅನುಮಾನ ವಾಕ್ಯಕ್ಕೆ ಐದು ಅವಯವಗಳು. ಗುಡ್ಡದಲ್ಲಿ ಬೆಂಕಿಯಿದೆ ಎಂಬುದು ಪ್ರತಿಜ್ಞೆ. ಹೊಗೆಯಿರುವುದರಿಂದ ಎಂಬುದು ಹೇತು. ಎಲ್ಲಿ ಹೊಗೆಯೋ ಅಲ್ಲಿ ಬೆಂಕಿ, ಅಡುಗೆಮನೆಯಲ್ಲಿರುವಂತೆ ಎಂಬುದು ಉದಾಹರಣೆ. ಈ ಗುಡ್ಡದಲ್ಲಿಯೂ ಅಂಥ ಹೊಗೆಯಿದೆ ಎಂಬುದು ಉಪನಯ. ಆದುದರಿಂದ ಗುಡ್ಡದಲ್ಲಿ ಬೆಂಕಿಯಿದೆ ಎಂಬುದು ನಿಗಮನ. ಮೂರನೆಯ ಅವಯವವನ್ನು ಗಮನಿಸಬೇಕು. ಸಾಮಾನ್ಯ ನಿಯಮವನ್ನು ಹೇಳಿದ ಬಾಯಲ್ಲೇ ಅದು ಕಣ್ಣಾರೆ ಕಂಡ ಒಂದು ಅಡುಗೆಮನೆಯನ್ನೂ ತೋರಿಸಬೇಕು. ‘ಎಲ್ಲ ಪಕ್ಷಿಗಳಿಗೂ ನಾಲ್ಕು ಕಾಲು’ ಎಂಬ ವಾದಿಯು ಈ ಮೆಟ್ಟಿಲಲ್ಲೇ ಸಿಕ್ಕಿಬೀಳುತ್ತಾನೆ. ಅವನಿಗೆ ತೋರಿಸಲು ಉದಾಹರಣೆಯಿಲ್ಲ.

ಹೊಗೆಯಿಂದ ಬೆಂಕಿಗೆ ಹೋಗಬಹುದಾದರೆ, ಬೆಂಕಿಯಿಂದ ಹೊಗೆಗೆ ಹೋಗಬಹುದೆ? ಕೂಡದು, ಕಾದು ಕೆಂಪಾದ ಕಬ್ಬಿಣದ ಗುಂಡಿನಲ್ಲಿ ಬೆಂಕಿಯುಂಟು, ಹೊಗೆಯಿಲ್ಲ. ಸೌದೆಯು ಹಸಿಯಾಗಿದ್ದರೆ ಮಾತ್ರ ಹೊಗೆ ಬರುತ್ತದೆ. ಹೀಗೆ ಗುಟ್ಟಾಗಿ ಸೇರಿಕೊಂಡ ಷರತ್ತಿಗೆ ಅವರು ‘ಉಪಾಧಿ’ಯೆಂದು ಹೆಸರಿಟ್ಟರು. ವಿಯೆನ್ನಾದ ವೈದ್ಯನು ಹುಡುಕುತ್ತಿದ್ದುದೂ ಒಂದು ಉಪಾಧಿಯನ್ನೇ. ಕೆಟ್ಟ ಹೇತುಗಳನ್ನು ಹೇತ್ವಾಭಾಸಗಳೆಂದು ಐದಾಗಿ ವಿಂಗಡಿಸಿದರು. ಮಾತಿನ ಎರಡರ್ಥದಿಂದ ವಾದಿಯನ್ನು ಹಿಡಿಯುವುದಕ್ಕೆ ‘ಛಲ’ವೆಂದರು: ‘ಇವನದು ನವಕಂಬಳ’ ಎಂದು ಒಬ್ಬನು ಹೊಸ ಕಂಬಳಿಯನ್ನು ಕುರಿತು ಹೇಳಿದರೆ, ‘ಒಂಬತ್ತು ಎಲ್ಲಿವೆ?’ ಎಂದು ಇನ್ನೊಬ್ಬನು ಕೇಳುತ್ತಾನೆ. ಚರ್ಚೆಯಲ್ಲಿಯೂ ಮೂರು ಬಗೆ: ಸತ್ಯಕ್ಕಾಗಿ ಮಾಡುವುದು ವಾದ, ಗೆಲುವಿಗಾಗಿ ಮಾಡುವುದು ಜಲ್ಪ, ತನ್ನದೊಂದು ಪಕ್ಷವಿಲ್ಲದೆ ಪರಪಕ್ಷವನ್ನು ಕೆಡವುವುದಕ್ಕಾಗಿಯೇ ಮಾಡುವುದು ವಿತಂಡ. ಹದಿನೇಳನೆಯ ಶತಮಾನದ ಅನ್ನಂಭಟ್ಟನ ‘ತರ್ಕಸಂಗ್ರಹ’ವು ಈ ಶಾಸ್ತ್ರಕ್ಕೆ ಬಾಲಬೋಧೆಯಂತಿದೆ. ಅದಕ್ಕೂ ಹಿಂದೆ, 1539ರಲ್ಲಿ ತೀರಿಕೊಂಡ ವಿಜಯನಗರದ ವ್ಯಾಸತೀರ್ಥರು ನೈಯಾಯಿಕರ ಮತಗಳನ್ನೇ ತರ್ಕದಿಂದ ಪರೀಕ್ಷಿಸಿ ‘ತರ್ಕತಾಂಡವ’ವನ್ನು ರಚಿಸಿದ್ದರು.

ಯಂತ್ರವೂ ಮನುಷ್ಯನೂ

ಇತ್ತ ಯೂರೋಪಿನಲ್ಲಿ ಆಕಾರದ ಶಾಸ್ತ್ರವು ಗಣಿತದ ಕಡೆಗೆ ತಿರುಗಿತು. ವಿಯೆನ್ನಾದಲ್ಲಿ ಕ್ಲೋರಿನ್ ದ್ರಾವಣವನ್ನಿಟ್ಟ 1847ರಲ್ಲಿಯೇ ಜಾರ್ಜ್ ಬೂಲ್ ಮತ್ತು ಮಧುರೆಯಲ್ಲಿ ಹುಟ್ಟಿದ ಅಗಸ್ಟಸ್ ಡಿ ಮಾರ್ಗನ್ ಇಬ್ಬರೂ ತರ್ಕವನ್ನು ಬೀಜಗಣಿತದಂತೆ ನಡೆಸುವ ತಮ್ಮ ಗ್ರಂಥಗಳನ್ನು ಪ್ರಕಟಿಸಿದರು. 1879ರಲ್ಲಿ ಜರ್ಮನಿಯ ಫ್ರೇಗೆಯು ಅದಕ್ಕೆ ಇನ್ನೂ ಬಲವಾದ ಚಿಹ್ನಾಭಾಷೆಯನ್ನು ಕೊಟ್ಟನು. ಬೂಲನ ಬೀಜಗಣಿತವನ್ನು ವಿದ್ಯುತ್ ಸ್ವಿಚ್ಚುಗಳ ಜೋಡಣೆಗೆ ಅನ್ವಯಿಸಬಹುದೆಂದು ಅಮೆರಿಕದ ಕ್ಲಾಡ್ ಶ್ಯಾನನ್ 1938ರಲ್ಲಿ ಪ್ರಕಟವಾದ ಪ್ರಬಂಧದಲ್ಲಿ ತೋರಿಸಿದನು. ಇಂದಿನ ಗಣಕಯಂತ್ರದ ಒಳಗೆ ಕ್ಷಣಕ್ಕೆ ಕೋಟಿಗಟ್ಟಲೆ ನಡೆಯುವ ಕ್ರಿಯೆಗಳು ‘ಮತ್ತು’, ‘ಅಥವಾ’, ‘ಅಲ್ಲ’ ಎಂಬ ಬೂಲನ ಮಾತುಗಳೇ.

ಆದರೆ ಯಂತ್ರಕ್ಕೆ ಪಕ್ಷಿಗಳಿಗೆ ನಾಲ್ಕು ಕಾಲೆಂದು ಹೇಳಿಕೊಟ್ಟರೆ, ಅದು ಕಾಗೆಗೂ ನಾಲ್ಕು ಕಾಲೆಂದು ತಪ್ಪಿಲ್ಲದೆ ಲೆಕ್ಕ ಹಾಕಿಕೊಡುತ್ತದೆ. ಆಕಾರದ ಬಲವೂ ಇದೇ, ಮಿತಿಯೂ ಇದೇ. ಈ ಮಿತಿಯನ್ನರಿತೇ 1958ರಲ್ಲಿ ಸ್ಟೀಫನ್ ಟೂಲ್ಮಿನ್ ನಿತ್ಯದ ವಾದಗಳಿಗೆ ಬೇರೆ ಅಳತೆಗೋಲು ಬೇಕೆಂದು ವಾದಿಸಿದನು. 1970ರ ದಶಕದಿಂದೀಚೆಗೆ ಕೆನಡ ಮೊದಲಾದ ಕಡೆಗಳಲ್ಲಿ ವ್ಯವಹಾರ ತರ್ಕವು ಪ್ರತ್ಯೇಕ ಅಧ್ಯಯನವಾಗಿ ಬೆಳೆಯಿತು.

ದಿನವೂ ಪತ್ರಿಕೆಯಿಂದ, ಭಾಷಣದಿಂದ, ಕೈಯಲ್ಲಿರುವ ಫೋನಿನಿಂದ ನೂರಾರು ವಾದಗಳು ನಮ್ಮ ಮೇಲೆ ಬಂದು ಬೀಳುತ್ತವೆ. ಅವುಗಳಲ್ಲಿ ಕೆಲವು ಆಧಾರವನ್ನು ಮರೆಮಾಡಿ ಆಕಾರದಿಂದ ಬೆರಗುಗೊಳಿಸುತ್ತವೆ. ಕೆಲವು ನಿಜವಾದ ಸಂಗತಿಗಳನ್ನೇ ಹೇಳಿ, ಅವುಗಳಿಂದ ಬಾರದ ನಿಗಮನವನ್ನು ಕೊನೆಗೆ ಅಂಟಿಸುತ್ತವೆ. ಇದು ನಿಜವೆ, ಇದರಿಂದ ಅದು ಬರುತ್ತದೆಯೆ, ಸುಳ್ಳಾಗಿದ್ದರೆ ಅದನ್ನು ತೋರಿಸಿಕೊಡುವ ಚೀಟಿ ಯಾವುದು ಎಂಬ ಮೂರು ಪ್ರಶ್ನೆಗಳನ್ನು ನಮ್ಮ ತರುಣ ವಾಚಕರು ರೂಢಿ ಮಾಡಿಕೊಳ್ಳಬೇಕು. ಇವುಗಳನ್ನು ಪರರ ವಾದಗಳಿಗಿಂತ ಮೊದಲು ತಮ್ಮ ವಾದಗಳಿಗೇ ಹಾಕಿ ನೋಡುವವನು ತರ್ಕಶಾಸ್ತ್ರದ ಪ್ರಥಮ ಪಾಠವನ್ನು ಚೆನ್ನಾಗಿ ಕಲಿತಂತೆ.